ನೋಡದೇನೇ ‘ಪೈಲ್ಸ್’ ಅಂತ ಬರೆಯೋದು ನಿಲ್ಲಿಸಿ: ಆರೋಗ್ಯ ಸಚಿವರಿಗೊಂದು ಬಹಿರಂಗ ಪತ್ರ

ಮಾನ್ಯ ಆರೋಗ್ಯ ಸಚಿವರಿಗೆ ನಮಸ್ಕಾರ. ಪತ್ರ ನಿಮ್ಮ ಹೆಸರಿಗೆ ಬರೀತಿದೀನಿ, ಆದ್ರೆ ಎಲ್ರೂ ಓದ್ಲಿ ಅಂತಾನೇ ಇಲ್ಲಿ ಹಾಕ್ತಿದೀನಿ, ಯಾಕಂದ್ರೆ ಈ ವಿಷಯನ ನಮ್ಮಲ್ಲಿ ಗಂಡ ಹೆಂಡ್ತಿ ಮಧ್ಯೆನೂ ಮಾತಾಡಲ್ಲ.

ಸಾರ್, ನಾನು ಕೇಳ್ತಿರೋದು ದೊಡ್ಡ ಬಿಲ್ಡಿಂಗ್ ಅಲ್ಲ, ಹೊಸ ಮಷೀನೂ ಅಲ್ಲ. ಪ್ರತಿ ತಾಲೂಕು ಆಸ್ಪತ್ರೆ ಸರ್ಜರಿ ಓಪಿಡಿಗೆ (ಹೊರರೋಗಿ ವಿಭಾಗಕ್ಕೆ) ಒಂದು ಪರದೆ, ಒಂದು ಒಳ್ಳೆ ಲೈಟು, ಗ್ಲೌಸು, ಜೆಲ್ಲಿ, ನಾಲ್ಕೈದು ಪ್ರೊಕ್ಟೋಸ್ಕೋಪು (ಗುದದ್ವಾರದ ಒಳಗೆ ನೋಡೋ ಸಣ್ಣ ಕೊಳವೆ). ಜೊತೆಗೆ ನಿಮ್ಮ ಇಲಾಖೆಯಿಂದ ಒಂದು ಸುತ್ತೋಲೆ: ಮೋಷನ್‌ನಲ್ಲಿ ರಕ್ತ ಹೋಗ್ತಿದೆ ಅಂತ ಬಂದವರನ್ನ ಟೇಬಲ್ ಮೇಲೆ ಮಲಗಿಸಿ ನೋಡದೆ ಚೀಟಿಲಿ ಪೈಲ್ಸ್ ಅಂತ ಬರೀಬಾರದು. ಅಷ್ಟೇ.

ನಾನು ತಾಲೂಕು ಆಸ್ಪತ್ರೇಲಿ ಸ್ಟಾಫ್ ನರ್ಸ್ ಆಗಿದ್ದು ರಿಟೈರ್ ಆದವಳು. ಸರ್ಜರಿ ಓಪಿಡಿ, ಮೈನರ್ ಓಟಿ (ಸಣ್ಣ ಆಪರೇಷನ್ ಥಿಯೇಟರ್), ಡ್ರೆಸ್ಸಿಂಗ್ ರೂಮು, ನನ್ನ ಸರ್ವಿಸ್ ಜಾಸ್ತಿ ಕಳೆದಿದ್ದು ಅಲ್ಲೇ. ಊರ ಹೆಸರು ಹೇಳಲ್ಲ, ಅಲ್ಲಿ ಈಗ್ಲೂ ಕೆಲಸ ಮಾಡೋರಿದಾರೆ, ಅವರನ್ನ ಬೈಯೋಕೆ ಅಂತ ಈ ಪತ್ರ ಬರೀತಿಲ್ಲ. ಬೆಳಿಗ್ಗೆ ಓಪಿಡಿ ಶುರುವಾದ್ರೆ ಇರೋ ಒಬ್ಬ ಸರ್ಜನ್ ಮುಂದೆ ಮಧ್ಯಾಹ್ನ ಆದ್ರೂ ಕ್ಯೂ ಕರಗಲ್ಲ, ಒಬ್ಬರ ಹೆಗಲ ಮೇಲಿಂದ ಇನ್ನೊಬ್ಬರು ಚೀಟಿ ಚಾಚ್ಕೊಂಡು ನಿಂತಿರ್ತಾರೆ, ಮಧ್ಯೆ ಪೊಲೀಸರು ಹೊಡೆದಾಟದ ಕೇಸ್ ತಂದಿರ್ತಾರೆ, ಆ ಕಡೆ ಓಟಿಯಿಂದ ಫೋನು. ಆ ಗದ್ದಲದಲ್ಲಿ ಒಬ್ಬ ಬರ್ತಾನೆ. ಕೂರಿ ಅಂದ್ರೆ ಕೂರಲ್ಲ, ನಿಂತ್ಕೊಂಡೇ ದನಿ ತಗ್ಗಿಸಿ ‘ಸಾರ್ ಉಷ್ಣ ಆಗಿದೆ’ ಅಂತಾನೆ. ಡಾಕ್ಟ್ರು ಎಲ್ಲಿ ಅಂತಾರೆ. ‘ಹಿಂದ್ಗಡೆ ಸಾರ್, ಸ್ವಲ್ಪ ರಕ್ತ.’ ಚೀಟಿಲಿ ಪೈಲ್ಸ್, ಒಂದು ಟ್ಯೂಬ್ ಮುಲಾಮು, ಒಂದು ಬಾಟ್ಲಿ ಸಿರಪ್ಪು, ಖಾರ ಕಮ್ಮಿ ಮಾಡು, ಮುಂದಿನವರು ಬನ್ನಿ.

ಎಕ್ಸಾಮಿನೇಷನ್ ಟೇಬಲ್ ಇರ್ಲಿಲ್ಲ ಅಂತಲ್ಲ, ಇತ್ತು, ಬಾಗಿಲ ಪಕ್ಕದಲ್ಲೇ ಇತ್ತು. ಪರದೆ ಸ್ಟ್ಯಾಂಡಿನ ಒಂದು ಗಾಲಿ ಮುರಿದು ಅದು ಯಾವಾಗ್ಲೂ ಒಂದು ಕಡೆ ವಾಲಿಕೊಂಡೇ ಇರೋದು, ಅದರ ಹಸಿರು ಬಟ್ಟೆ ಒಗೆಯೋಕೆ ಅಂತ ಹೋಗಿದ್ದು ವಾಪಸ್ ಬರ್ಲೇ ಇಲ್ಲ, ಆಮೇಲೆ ಟೇಬಲ್ ಮೇಲೆ ಹಳೇ ರಿಜಿಸ್ಟರ್‌ಗಳು, ಸಲೈನ್ ಡಬ್ಬ, ಯಾರದೋ ಹೆಲ್ಮೆಟ್ಟು. ಇಂಡೆಂಟ್ ಹಾಕಿದ್ವಿ, ಬಜೆಟ್ ಇಲ್ಲ ಅಂದ್ರು, ಮತ್ತೆ ಹಾಕಿದ್ವಿ. ಕೊನೆಗೆ ನಾವು ನರ್ಸ್‌ಗಳೇ ದುಡ್ಡು ಹಾಕಿ ಸಂತೇಲಿ ಬಟ್ಟೆ ತಂದು ಹೊಲಿಸಿದ್ವಿ. ಪರದೆ ಬಂದ ಮೇಲೆ ಹೆಂಗಸರು ಟೇಬಲ್ ಹತ್ತೋಕೆ ಶುರು ಮಾಡಿದ್ರು ಸಾರ್, ಅದಕ್ಕೆ ಮುಂಚೆ ಎಷ್ಟೋ ಜನ ‘ಬೇಡಕ್ಕ, ಮಾತ್ರೆ ಬರೆಸಿಕೊಡಿ ಸಾಕು’ ಅಂತ ಹೊರಟೇ ಹೋಗೋರು.

ಈ ಪರೀಕ್ಷೆ ಅಂದ್ರೆ ಏನು ಅಂತ ಜನಕ್ಕೆ ಯಾರೂ ಹೇಳಿಲ್ಲ, ಅದಕ್ಕೇ ಇಷ್ಟು ಭಯ. ಎಡಮಗ್ಗುಲಿಗೆ ಮಲಗಿಸಿ ಮೊಣಕಾಲು ಎದೆ ಕಡೆ ಮಡಚಿಸ್ತಾರೆ, ಮೇಲೆ ಬೆಡ್‌ಶೀಟ್ ಹೊದಿಸಿರ್ತಾರೆ, ಮೊದ್ಲು ಲೈಟ್ ಬಿಟ್ಟು ಹೊರಗಿಂದ ನೋಡ್ತಾರೆ, ಆಮೇಲೆ ಗ್ಲೌಸ್ ಹಾಕಿ ಜೆಲ್ಲಿ ಹಚ್ಚಿ ಒಂದು ಬೆರಳು, ಆಮೇಲೆ ಬೇಕಾದ್ರೆ ಪ್ರೊಕ್ಟೋಸ್ಕೋಪ್ ಅಂತ ಒಂದು ಸಣ್ಣ ಕೊಳವೆ. ಎರಡು ಮೂರು ನಿಮಿಷದ ಕೆಲಸ. ಮುಜುಗರ ಆಗುತ್ತೆ, ಇಲ್ಲ ಅನ್ನಲ್ಲ, ಆದ್ರೆ ಸಾಮಾನ್ಯವಾಗಿ ಜಾಸ್ತಿ ನೋವಾಗಲ್ಲ. ಫಿಶರ್, ಅಂದ್ರೆ ಗುದದ್ವಾರದ ಚರ್ಮ ಸೀಳಿದ್ದು, ವಿಪರೀತ ನೋವಿರೋರಿಗೆ ಒಳಗೆ ಬೆರಳು ಹಾಕಬಾರದು, ಹೊರಗಿಂದಾನೇ ಗೊತ್ತಾಗುತ್ತೆ, ನೋವು ಇಳಿದ ಮೇಲೆ ಮತ್ತೆ ಕರೆಸಿ ನೋಡ್ಬೇಕು.

ಈಗ ರಕ್ತ ಯಾಕೆ ಬರುತ್ತೆ ಅನ್ನೋದಕ್ಕೆ ಬರ್ತೀನಿ, ಇದು ಸಚಿವರಿಗಿಂತ ಓದ್ತಿರೋ ಬೇರೆಯವರಿಗೆ.

ಜಾಸ್ತಿ ಸಲ ಕಾರಣ ಪೈಲ್ಸೇ, ಅಂದ್ರೆ ಮೂಲವ್ಯಾಧಿ. ಗುದದ್ವಾರದ ಒಳಗೆ ರಕ್ತನಾಳ ತುಂಬಿರೋ ಮೆತ್ತನೆ ಭಾಗಗಳು ಎಲ್ರಿಗೂ ಇರುತ್ತೆ, ಮುಕ್ಕಿ ಮುಕ್ಕಿ ಅವು ಉಬ್ಬಿ ಕೆಳಗೆ ಜಾರಿದಾಗ ಅದಕ್ಕೆ ಪೈಲ್ಸ್ ಅಂತಾರೆ. ಒಳಗಿನ ಪೈಲ್ಸ್‌ಗೆ ಸಾಮಾನ್ಯವಾಗಿ ನೋವಿರಲ್ಲ, ಮೋಷನ್ ಆದ ಮೇಲೆ ಕೆಂಪಗೆ ತಾಜಾ ರಕ್ತ ತೊಟ್ಟಿಕ್ಕುತ್ತೆ, ಕೆಲವರಿಗೆ ಬೇಸಿನ್ ಎಲ್ಲಾ ಕೆಂಪಾಗಿ ಗಾಬರಿ ಬೀಳ್ತಾರೆ. ಗರ್ಭಿಣಿಯರಲ್ಲಿ ತುಂಬಾ ಕಾಮನ್ನು. ಇದ್ದಕ್ಕಿದ್ದಂಗೆ ಹೊರಗಡೆ ನೀಲಿ ಬಣ್ಣದ ಗಟ್ಟಿ ಗಂಟು ಬಂದು ಕೂರೋಕಾಗದಷ್ಟು ನೋವಾದ್ರೆ ಅದು ಹೊರಗಿನ ಪೈಲ್ಸ್‌ನಲ್ಲಿ ರಕ್ತ ಹೆಪ್ಪುಗಟ್ಟಿರೋದು, ಅದನ್ನ ಮೊದಲ ಎರಡು ಮೂರು ದಿನದೊಳಗೆ ತೋರಿಸಿದ್ರೆ ಸಣ್ಣಗೆ ಕೊಯ್ದು ತೆಗೀಬಹುದು, ತಡವಾದ್ರೆ ತಾನಾಗೇ ಇಳಿಯೋಕೆ ಬಿಡ್ತಾರೆ.

ಮೋಷನ್ ಹೋಗುವಾಗ ಪ್ರಾಣ ಹೋಗೋ ಹಂಗೆ ನೋವು, ಆಮೇಲೆ ಗಂಟೆಗಟ್ಲೆ ಉರಿ, ಪೇಪರ್‌ಗೋ ನೀರಿಗೋ ಒಂದು ಗೆರೆ ರಕ್ತ, ಇದು ಫಿಶರ್, ಚರ್ಮ ಸೀಳಿರೋದು. ಗಾಜಿನ ಚೂರು ಹೊರಗೆ ಬಂದಂಗಾಯ್ತು ಸಿಸ್ಟರ್ ಅಂತ ಒಬ್ಬ ಲಾರಿ ಡ್ರೈವರ್ ಹೇಳಿದ್ದ. ನೋವಿಗೆ ಹೆದರಿ ಜನ ಮೋಷನ್ ತಡೀತಾರೆ, ತಡೆದಷ್ಟೂ ಅದು ಗಟ್ಟಿಯಾಗುತ್ತೆ, ಮತ್ತೆ ಅಲ್ಲೇ ಸೀಳುತ್ತೆ, ಒಳಗಿನ ಸ್ನಾಯು ಬಿಗಿಯಾಗಿ ಆ ಜಾಗಕ್ಕೆ ರಕ್ತ ಸಂಚಾರ ಕಮ್ಮಿಯಾಗಿ ಗಾಯ ಮಾಯೋದೇ ಇಲ್ಲ. ಹಳೇದಾದ ಮೇಲೆ ಅದರ ತುದೀಲಿ ಚರ್ಮದ ಒಂದು ಸಣ್ಣ ಕುಚ್ಚು ಬೆಳೆಯುತ್ತೆ, ಕೈಗೆ ಸಿಗುತ್ತೆ, ‘ಮೊಳೆ ಬಂದಿದೆ’ ಅಂತ ಪೈಲ್ಸ್ ಔಷಧಿ ತಿಂಗಳುಗಟ್ಲೆ ನುಂಗ್ತಾರೆ. ಫಿಶರ್‌ಗೆ ಪೈಲ್ಸ್ ಔಷಧಿ! ಒಂದ್ಸಲ ಲೈಟ್ ಹಾಕಿ ನೋಡಿದ್ರೆ ಮುಗೀತಿತ್ತು.

ಮಕ್ಕಳ ವಿಷಯ ಬೇರೆ. ಎರಡು ವರ್ಷದಿಂದ ಹತ್ತು ವರ್ಷದೊಳಗಿನ ಮಗುವಿಗೆ ನೋವೇ ಇಲ್ಲದೆ ಆಗಾಗ ರಕ್ತ ಬಂದ್ರೆ ಒಳಗೆ ಪಾಲಿಪ್ ಇರೋ ಸಾಧ್ಯತೆ ಇದೆ, ತೊಟ್ಟಿನ ಮೇಲೆ ಬೆಳೆದಿರೋ ಸಣ್ಣ ಗಂಟು, ಒಂದೇ ಇದ್ರೆ ಸಾಮಾನ್ಯವಾಗಿ ಕ್ಯಾನ್ಸರ್‌ನ ಭಯ ಇಲ್ಲ, ಸ್ಕೋಪ್ (ಕ್ಯಾಮೆರಾ ಇರೋ ಕೊಳವೆ) ಹಾಕಿ ತೆಗೆದ್ರೆ ಆಯ್ತು. ನಮ್ಮಲ್ಲಿ ಏನ್ ಮಾಡ್ತಾರೆ, ಜಂತುಹುಳ ಅಂತ ಆಲ್ಬೆಂಡಜೋಲ್ ಕೊಡಿಸ್ತಾರೆ, ದೃಷ್ಟಿ ತೆಗೀತಾರೆ. ಮಗುಗೆ ಪೈಲ್ಸ್ ಅಂತ ಚೀಟಿ ಹಿಡ್ಕೊಂಡು ಬಂದವರನ್ನೂ ನೋಡಿದೀನಿ, ಮಕ್ಕಳಲ್ಲಿ ಪೈಲ್ಸ್ ತೀರಾ ಅಪರೂಪ.

ಹೊಟ್ಟೆ ನುಲಿತ, ಜ್ವರ, ಲೋಳೆ ರಕ್ತ ಸೇರಿ ಪದೇ ಪದೇ ಹೋದ್ರೆ ಅದು ಆಮಶಂಕೆ, ಬ್ಯಾಕ್ಟೀರಿಯಾದಿಂದಾನೋ ಅಮೀಬಾದಿಂದಾನೋ ಬರುತ್ತೆ, ಸರಿಯಾದ ಔಷಧಿಗೆ ವಾಸಿಯಾಗುತ್ತೆ. ವಾರಗಟ್ಲೆ ಹಂಗೇ ಇದ್ರೆ ಅಲ್ಸರೇಟಿವ್ ಕೊಲೈಟಿಸ್ ಇರಬಹುದು, ಕರುಳಿನ ಒಳಪದರದಲ್ಲಿ ಹುಣ್ಣು, ಅದಕ್ಕೆ ವರ್ಷಾನುಗಟ್ಲೆ ಮಾತ್ರೆ ಬೇಕು, ಪಾಪ ಅವರನ್ನ ಪ್ರತಿ ಸಲ ಆಮಶಂಕೆ ಅಂತ ಮೆಟ್ರೊನಿಡಜೋಲ್ ಕೊಟ್ಟು ಕಳಿಸ್ತಾನೇ ಇರ್ತಾರೆ. ಗರ್ಭಕಂಠದ ಕ್ಯಾನ್ಸರ್‌ಗೆ ಕರೆಂಟ್ (ರೇಡಿಯೇಷನ್) ಇಡಿಸ್ಕೊಂಡ ಹೆಂಗಸರಿಗೆ ತಿಂಗಳುಗಳೋ ವರ್ಷಗಳೋ ಆದ ಮೇಲೆ ರಕ್ತ ಬರೋದೂ ಉಂಟು, ಡಾಕ್ಟ್ರಿಗೆ ಆ ಹಳೇ ಟ್ರೀಟ್‌ಮೆಂಟ್ ವಿಷಯ ಹೇಳ್ಲೇಬೇಕು. ಹಾರ್ಟಿಗೆ ಅಂತ ರಕ್ತ ತೆಳು ಮಾಡೋ ಮಾತ್ರೆ ತಗೊಳ್ಳೋರು ಅದನ್ನ ಹೇಳ್ಬೇಕು, ತಾವೇ ನಿಲ್ಲಿಸಬಾರದು.

ಕಪ್ಪಗೆ, ಟಾರ್ ಥರ ಅಂಟಂಟಾಗಿ, ಕೆಟ್ಟ ವಾಸನೆ ಇರೋ ಮೋಷನ್ ಬಂದ್ರೆ ರಕ್ತ ಮೇಲಿಂದ ಬರ್ತಿದೆ ಅಂತ ಅರ್ಥ, ಜಠರದ ಹುಣ್ಣು ಇರಬಹುದು. ನೋವಿನ ಮಾತ್ರೆನ ಮೆಡಿಕಲ್ ಶಾಪಿಂದ ತಂದು ತಂದು ತಿನ್ನೋರು, ಕುಡಿದು ಲಿವರ್ ಕೆಡಿಸ್ಕೊಂಡೋರು ಇದರಲ್ಲಿ ಜಾಸ್ತಿ. ಇದಕ್ಕೆ ನಾಳೆ ನಾಡಿದ್ದು ಅನ್ನಬೇಡಿ, ಅವತ್ತೇ ದೊಡ್ಡಾಸ್ಪತ್ರೆ. ಹಂಗೇ ಯಾವುದೇ ಕಾರಣಕ್ಕಾಗಲಿ ರಕ್ತ ಗಡ್ಡೆಗಡ್ಡೆಯಾಗಿ ಹೋಗಿ ತಲೆ ಸುತ್ತಿ ಮೈ ತಣ್ಣಗೆ ಬೆವರಿದ್ರೆ 108ಕ್ಕೆ ಫೋನ್ ಮಾಡಿ. ಕಬ್ಬಿಣಾಂಶದ ಮಾತ್ರೆ ತಿಂದ್ರೂ ಕಪ್ಪಾಗುತ್ತೆ, ಬೀಟ್ರೂಟ್ ತಿಂದ ಮಾರನೇ ದಿನ ಕೆಂಪಾಗುತ್ತೆ, ಅದಕ್ಕೆ ಹೆದರಬೇಡಿ.

ಇನ್ನು ಯಾರೂ ಹೇಳೋಕೆ ಇಷ್ಟಪಡದ ಕಾರಣ, ಕ್ಯಾನ್ಸರ್. ನಮ್ಮಲ್ಲಿಗೆ ಒಬ್ಬ ಹುಡುಗ ಬರ್ತಿದ್ದ, ಮೂವತ್ತರ ಆಸುಪಾಸು, ಗಾರ್ಮೆಂಟ್ಸಲ್ಲಿ ಕಟಿಂಗ್ ಮಾಸ್ಟರ್. ಅವನ ಹತ್ರ ಒಂದು ಪ್ಲಾಸ್ಟಿಕ್ ಕವರ್ ತುಂಬ ಚೀಟಿಗಳು, ಬೇರೆ ಬೇರೆ ಕಡೇದು, ಎಲ್ಲದರಲ್ಲೂ ಪೈಲ್ಸ್ ಅಂತ ಇದೆ, ಒಂದ್ರಲ್ಲೂ ಪರೀಕ್ಷೆ ಮಾಡಿದ ಬಗ್ಗೆ ಒಂದಕ್ಷರ ಇಲ್ಲ. ರಕ್ತದ ಜೊತೆ ಲೋಳೆ ಹೋಗ್ತಿತ್ತು, ಹೋಗಿ ಬಂದ್ರೂ ಇನ್ನೂ ಉಳಿದಿದೆ ಅನ್ಸಿ ಮತ್ತೆ ಮತ್ತೆ ಓಡ್ತಿದ್ದ, ಪ್ಯಾಂಟ್ ಸೊಂಟದಲ್ಲಿ ನಿಲ್ತಿರ್ಲಿಲ್ಲ. ಆವತ್ತು ಹೊಸದಾಗಿ ಬಂದಿದ್ದ ಸರ್ಜನ್ ಮೇಡಮ್ಮು ಗ್ಲೌಸ್ ಹಾಕಿ ಬೆರಳಿಟ್ಟ ತಕ್ಷಣ ಅವರ ಮುಖ ನೋಡೇ ನನಗೆ ಗೊತ್ತಾಯ್ತು. ಬೆರಳಿಗೆ ಸಿಗೋ ದೂರದಲ್ಲೇ ಗಟ್ಟಿ ಗಡ್ಡೆ. ಬಯಾಪ್ಸಿ, ಎಂಆರ್‌ಐ, ಬೆಂಗಳೂರಲ್ಲಿ ಮೊದ್ಲು ರೇಡಿಯೇಷನ್ ಜೊತೆ ಕಿಮೋ, ಆಮೇಲೆ ಆಪರೇಷನ್. ಗಡ್ಡೆ ತೀರಾ ಕೆಳಗಿದ್ದು ಸ್ನಾಯುಗೂ ಹಬ್ಬಿದ್ರಿಂದ ಗುದದ್ವಾರ ಉಳಿಸೋಕಾಗ್ಲಿಲ್ಲ, ಹೊಟ್ಟೆ ಮೇಲೆ ದಾರಿ ಮಾಡಿ ಬ್ಯಾಗ್ ಹಾಕಿದ್ರು. ಆ ಹುಡುಗ ಬದುಕಿದಾನೆ, ಬ್ಯಾಗ್ ಇಟ್ಕೊಂಡೇ ಕೆಲಸಕ್ಕೆ ಹೋಗ್ತಾನೆ. ಆದ್ರೆ ಆ ಕವರಲ್ಲಿದ್ದ ಮೊದಲನೇ ಚೀಟಿ ಬರೆದವರು ಬೆರಳಿಟ್ಟು ನೋಡಿದ್ರೆ ಬಹುಶಃ ಬ್ಯಾಗೇ ಬೇಕಾಗ್ತಿರ್ಲಿಲ್ಲ.

ವಯಸ್ಸಾದವರಿಗೆ ಮಾತ್ರ ಬರುತ್ತೆ ಅನ್ಕೋಬೇಡಿ. ನಮ್ಮ ದೇಶದಲ್ಲಿ ದೊಡ್ಡಕರುಳಿನ ಕ್ಯಾನ್ಸರ್ ಪಾಶ್ಚಾತ್ಯ ದೇಶಗಳಿಗಿಂತ ಕಮ್ಮಿ ಇದ್ರೂ ಬಂದವರಲ್ಲಿ ಚಿಕ್ಕ ವಯಸ್ಸಿನವರ ಪಾಲು ಜಾಸ್ತಿ, ಗುದನಾಳದಲ್ಲೇ ಇರೋ ಗಡ್ಡೆಗಳ ಪಾಲೂ ಜಾಸ್ತಿ, ಅಂದ್ರೆ ಕೆಳಗಡೆ, ಬೆರಳಿಗೆ ಹತ್ತಿರ. ಅಮೆರಿಕದಲ್ಲಿ ಯಾವ ತೊಂದರೆ ಇಲ್ಲದವರಿಗೂ ಕರುಳಿನ ತಪಾಸಣೆ ಶುರು ಮಾಡೋ ವಯಸ್ಸನ್ನ 2021ರಲ್ಲಿ 50ರಿಂದ 45ಕ್ಕೆ ಇಳಿಸಿದ್ರು. ನಾನು ಅಷ್ಟೆಲ್ಲ ಕೇಳ್ತಿಲ್ಲ ಸಾರ್, ರಕ್ತ ಬರ್ತಿದೆ ಅಂತ ತಾನಾಗೇ ಬಂದು ಮುಂದೆ ನಿಂತವನನ್ನ ನೋಡಿ ಅಂತಿದೀನಿ. ಇನ್ನೊಂದು, ಪೈಲ್ಸ್ ಕಂಡ್ತು ಅಂದ ತಕ್ಷಣ ಮೇಲೆ ಇನ್ನೇನೂ ಇಲ್ಲ ಅಂತಲ್ಲ, ಎರಡೂ ಒಟ್ಟಿಗೇ ಇರಬಹುದು. ವಯಸ್ಸು 45 ದಾಟಿದ್ರೆ, ಮನೇಲಿ ಅಪ್ಪ ಅಮ್ಮ ಅಣ್ಣ ತಮ್ಮಂದಿರಿಗೆ ಕರುಳಿನ ಕ್ಯಾನ್ಸರ್ ಆಗಿದ್ರೆ, ಮೋಷನ್ ಅಭ್ಯಾಸ ಬದಲಾಗಿದ್ರೆ, ತೂಕ ಇಳೀತಿದ್ರೆ, ಹಿಮೋಗ್ಲೋಬಿನ್ ಕಮ್ಮಿ ಇದ್ರೆ ಕೊಲೊನೊಸ್ಕೋಪಿ, ಅಂದ್ರೆ ಕ್ಯಾಮೆರಾ ಇರೋ ಕೊಳವೆ ಹಾಕಿ ದೊಡ್ಡಕರುಳು ನೋಡೋ ಪರೀಕ್ಷೆ, ಮಾಡಿಸ್ಲೇಬೇಕು.

ಹಿಮೋಗ್ಲೋಬಿನ್ ಅಂದಾಗ ನೆನಪಾಯ್ತು. ಹೆಂಗಸರಿಗೆ ರಕ್ತ ಕಮ್ಮಿ ಅಂದ್ರೆ ನಮ್ಮಲ್ಲಿ ಎರಡೇ ಕಾರಣ, ಮುಟ್ಟು, ಇಲ್ಲಾ ಸರಿಯಾಗಿ ಉಣ್ಣಲ್ಲ. ಒಬ್ರು ಅಂಗನವಾಡಿ ಸಹಾಯಕಿ, ಮುಟ್ಟು ನಿಂತು ಎಷ್ಟೋ ಕಾಲ ಆಗಿತ್ತು, ಆದ್ರೂ ಹಿಮೋಗ್ಲೋಬಿನ್ ಐದರ ಹತ್ರ, ಮೆಟ್ಲು ಹತ್ತಿದ್ರೆ ಏದುಸಿರು, ಊರ ತುಂಬ ಡಾಕ್ಟ್ರ ಹತ್ರ ಐರನ್ ಇಂಜೆಕ್ಷನ್ ಹಾಕಿಸ್ಕೊಂಡಿದ್ರು. ಬಟ್ಟೆ ಬದಲಿಸುವಾಗ ಸೀರೆ ಮೇಲಿನ ಕಲೆ ನಾನು ನೋಡಿ ಕೇಳಿದೆ. ‘ಅದು ಹೆರಿಗೆ ಆದಾಗಿಂದ ಇದೆ ಬಿಡಿ ಸಿಸ್ಟರ್’ ಅಂದ್ರು. ಅಷ್ಟು ವರ್ಷ ದಿನಾ ತೊಟ್ಟು ತೊಟ್ಟು ಹೋಗಿದೆ! ಯಾರೂ ಕೇಳಿಲ್ಲ, ಅವರೂ ಹೇಳಿಲ್ಲ, ಗಂಡು ಡಾಕ್ಟ್ರಿಗೆ ಹೆಂಗೆ ಹೇಳೋದು ಅಂತ. ರಕ್ತ ಹಾಕಿ, ಮೇಲೆ ಬೇರೇನೂ ಇಲ್ಲ ಅಂತ ಸ್ಕೋಪ್‌ನಲ್ಲಿ ಖಾತ್ರಿ ಮಾಡ್ಕೊಂಡು, ಪೈಲ್ಸ್ ಆಪರೇಷನ್ ಮಾಡಿದ್ರು, ಸರಿ ಹೋದ್ರು.

ಆಸ್ಪತ್ರೇಲಿ ನೋಡಲ್ಲ, ಜನಕ್ಕೆ ನಾಚಿಕೆ, ಈ ಎರಡರ ಮಧ್ಯದ ಜಾಗದಲ್ಲೇ ಬಸ್‌ಸ್ಟ್ಯಾಂಡ್ ಟಾಯ್ಲೆಟ್ ಗೋಡೆ ಮೇಲಿನ ಪೋಸ್ಟರ್ ಬದುಕ್ತಿರೋದು. ‘ಆಪರೇಷನ್ ಇಲ್ಲದೆ ಮೂಲವ್ಯಾಧಿ ಒಂದೇ ದಿನದಲ್ಲಿ ಗುಣ’, ಕೆಳಗೆ ಮೊಬೈಲ್ ನಂಬರು. ಒಂದು ಲಾಡ್ಜ್ ರೂಮೋ ಶಟರ್ ಅಂಗಡಿನೋ, ಡಿಗ್ರಿ ಏನು ಅಂತ ಯಾರಿಗೂ ಗೊತ್ತಿಲ್ಲ. ಎಂಥದೋ ಸುಡೋ ಔಷಧಿ ಇಂಜೆಕ್ಷನ್ ಚುಚ್ತಾರೆ, ಮೊಳೆ ಉದುರುತ್ತೆ ಅಂತಾರೆ, ಮೊಳೆ ಜೊತೆ ಸುತ್ತಲಿನ ಚರ್ಮ, ಸ್ನಾಯುನೂ ಕೊಳೆಯುತ್ತೆ. ಆ ಗಾಯಗಳಿಗೆ ಡ್ರೆಸ್ಸಿಂಗ್ ಮಾಡಿದವಳು ನಾನು. ಕೆಲವರಿಗೆ ಗಾಯ ಮಾಯ್ದು ದಾರಿನೇ ಮುಚ್ಚಿಕೊಂಡು ಕಿರುಬೆರಳು ಹೋಗಲ್ಲ, ಕೆಲವರಿಗೆ ಹಿಡಿತ ಹೋಗಿ ಮೋಷನ್ ತಡೆಯೋಕಾಗಲ್ಲ, ಅದನ್ನ ಸರಿ ಮಾಡೋದು ಪೈಲ್ಸ್ ಆಪರೇಷನ್‌ಗಿಂತ ಹತ್ತು ಪಾಲು ಕಷ್ಟ. ಕರ್ನಾಟಕ ಖಾಸಗಿ ವೈದ್ಯಕೀಯ ಸಂಸ್ಥೆಗಳ ಕಾಯ್ದೆ ಅಂತ 2007ರದ್ದು ನಮ್ಮಲ್ಲೇ ಇದೆಯಲ್ಲ ಸಾರ್, ನೋಂದಣಿ ಇಲ್ಲದೆ ಕ್ಲಿನಿಕ್ ನಡೆಸೋ ಹಾಗಿಲ್ಲ. ಪೋಸ್ಟರಲ್ಲಿ ನಂಬರ್ ಅವರೇ ಹಾಕಿದಾರೆ, ಹುಡುಕೋಕೆ ಪತ್ತೇದಾರರು ಬೇಕಾ?

ಹಂಗಂತ ಆಯುರ್ವೇದನೆಲ್ಲ ಇದರ ಜೊತೆ ಸೇರಿಸ್ಬೇಡಿ. ಫಿಸ್ಟುಲಾಗೆ, ಅಂದ್ರೆ ಗುದದ ಪಕ್ಕ ಕೀವು ಸುರಿಯೋ ಸುರಂಗದಂಥ ಭಗಂದರಕ್ಕೆ ಕ್ಷಾರಸೂತ್ರ ಅಂತ ಔಷಧಿ ಲೇಪಿಸಿದ ದಾರ ಕಟ್ಟೋ ಚಿಕಿತ್ಸೆ ಇದೆ, ದೇಶದ ವೈದ್ಯಕೀಯ ಸಂಶೋಧನಾ ಮಂಡಳಿ ಐಸಿಎಂಆರ್‌ನವರೇ ಅದನ್ನ ಆಪರೇಷನ್ ಜೊತೆ ಹೋಲಿಸಿ ನೋಡಿ 1991ರಲ್ಲಿ ಪ್ರಕಟಿಸಿದಾರೆ, ಗಾಯ ಮಾಯೋಕೆ ಟೈಮ್ ಜಾಸ್ತಿ ಹಿಡಿಯುತ್ತೆ ಆದ್ರೆ ಮರುಕಳಿಸೋದು ಕಮ್ಮಿ ಅಂತ ಬಂತು. ಕಲಿತ ವೈದ್ಯರ ಹತ್ರ ಮಾಡಿಸ್ಕೊಂಡ್ರೆ ಒಳ್ಳೇದೇ. ಸುವರ್ಣಗೆಡ್ಡೆ ಪಲ್ಯ ತಿನ್ನಿ, ಮಜ್ಜಿಗೆ ಕುಡೀರಿ, ನನ್ನ ತಕರಾರಿಲ್ಲ, ಪರೀಕ್ಷೆ ಮಾಡಿಸ್ಕೊಂಡು ತಿನ್ನಿ ಅಷ್ಟೇ.

ಚಿಕಿತ್ಸೆ ಬಗ್ಗೆ ಜನಕ್ಕಿರೋ ಭಯನೂ ಹಳೇದು. ಶುರುವಿನ ಪೈಲ್ಸ್‌ಗೆ ಚಾಕು ಬೇಕಾಗೇ ಇಲ್ಲ. ಸೊಪ್ಪು, ಕಾಳು, ರಾಗಿ, ಹಣ್ಣು, ಜೊತೆಗೆ ನೀರು. ಇಸಬ್ಗೋಲ್ ತಗೊಂಡ್ರೆ ದೊಡ್ಡ ಲೋಟದ ತುಂಬ ನೀರು ಕುಡೀಲೇಬೇಕು, ಇಲ್ದಿದ್ರೆ ಅದೇ ಒಳಗೆ ಕಟ್ಟಿಕೊಳ್ಳುತ್ತೆ. ಟಾಯ್ಲೆಟ್‌ನಲ್ಲಿ ಮೊಬೈಲ್ ಹಿಡ್ಕೊಂಡು ಕೂರ್ಬೇಡಿ, ಬಂದಾಗ ಹೋಗಿ, ಬರದಿದ್ರೆ ಎದ್ದು ಬನ್ನಿ. ಬೇಸಿನ್‌ನಲ್ಲಿ ಬೆಚ್ಚಗಿನ ನೀರು ಹಾಕಿ ಹತ್ತು ಹದಿನೈದು ನಿಮಿಷ ಕೂರೋದು, ದಿನಕ್ಕೆ ಎರಡು ಮೂರು ಸಲ. ಬರೀ ನೀರು ಸಾಕು. ಡೆಟಾಲ್ ಸುರಿದು ಚರ್ಮ ಸುಟ್ಕೊಂಡು ಬರ್ತಾರೆ, ಅದೇನು ನೆಲ ಒರೆಸೋದಾ? ಸ್ಟೆರಾಯ್ಡ್ ಇರೋ ಮುಲಾಮು ಒಂದು ವಾರಕ್ಕಿಂತ ಜಾಸ್ತಿ ಹಚ್ಚಬೇಡಿ, ಚರ್ಮ ತೆಳುವಾಗುತ್ತೆ.

ಇದಕ್ಕೆ ಬಗ್ಗದಿದ್ರೆ ಪೈಲ್ಸ್ ಬುಡಕ್ಕೆ ಸಣ್ಣ ರಬ್ಬರ್ ಬ್ಯಾಂಡ್ ಹಾಕ್ತಾರೆ, ಅರಿವಳಿಕೆ ಬೇಡ, ಅಡ್ಮಿಟ್ ಬೇಡ, ಸುಮಾರು ಒಂದು ವಾರದಲ್ಲಿ ಅದು ಒಣಗಿ ಬಿದ್ದು ಹೋಗುತ್ತೆ. ಬೀಳೋ ಟೈಮಲ್ಲಿ ಸ್ವಲ್ಪ ರಕ್ತ ಬರಬಹುದು, ಜಾಸ್ತಿ ರಕ್ತ, ಜ್ವರ, ಮೂತ್ರ ಕಟ್ಟೋದು ಆದ್ರೆ ತಕ್ಷಣ ವಾಪಸ್ ಬರ್ಬೇಕು. ಬ್ಯಾಂಡ್ ಹಾಕೋ ಉಪಕರಣ ಏನೂ ದುಬಾರಿ ಅಲ್ಲ, ಆದ್ರೂ ನಾನಿದ್ದ ಆಸ್ಪತ್ರೇಲಿ ಇರ್ಲಿಲ್ಲ. ಪೂರ್ತಿ ಹೊರಗೆ ಜಾರಿ ಒಳಗೆ ಹೋಗದೆ ಇರೋದಕ್ಕೆ ಆಪರೇಷನ್ ಬೇಕು, ಕೊಯ್ದು ತೆಗೆಯೋದು, ಸ್ಟೇಪ್ಲರ್, ಲೇಸರ್ ಅಂತ ಇದೆ. ಲೇಸರ್ ಅಂದ ತಕ್ಷಣ ಮ್ಯಾಜಿಕ್ ಅಂತ ಸಾಲ ಮಾಡಿ ಓಡೋಗ್ಬೇಡಿ, ನನ್ನ ಪೈಲ್ಸ್ ಯಾವ ಸ್ಟೇಜ್, ಬ್ಯಾಂಡ್‌ಗೆ ಆಗಲ್ವಾ, ವಾಪಸ್ ಬರೋ ಚಾನ್ಸ್ ಎಷ್ಟು, ಇದನ್ನ ಮೊದ್ಲು ಕೇಳಿ. ಫಿಶರ್‌ಗೆ ಮೋಷನ್ ಮೆತ್ತಗೆ ಮಾಡೋ ಸಿರಪ್ಪು, ಸ್ನಾಯು ಸಡಿಲ ಮಾಡೋ ಡಿಲ್ಟಿಯಜೆಮ್ ಮುಲಾಮು ಆರರಿಂದ ಎಂಟು ವಾರ, ನಾಲ್ಕು ದಿನ ಹಚ್ಚಿ ಬಿಟ್ರೆ ಪ್ರಯೋಜನ ಇಲ್ಲ. ಆಗ್ಲೂ ಮಾಯದಿದ್ರೆ ಸ್ನಾಯುವಿನ ಸ್ವಲ್ಪ ಭಾಗ ಕೊಯ್ಯೋ ಸಣ್ಣ ಆಪರೇಷನ್ ಇದೆ.

ಮತ್ತೆ ಸಚಿವರ ಹತ್ರ ಬರ್ತೀನಿ. ದೇಶದ ಎನ್‌ಸಿಡಿ (ಬಿಪಿ, ಶುಗರ್, ಕ್ಯಾನ್ಸರ್ ಥರದ ಅಂಟದ ರೋಗಗಳ) ಕಾರ್ಯಕ್ರಮದಲ್ಲಿ 30 ದಾಟಿದವರಿಗೆ ಬಾಯಿ, ಸ್ತನ, ಗರ್ಭಕಂಠ ಈ ಮೂರು ಕ್ಯಾನ್ಸರ್ ತಪಾಸಣೆ ಇದೆ, ನೀವೂ 2024ರಲ್ಲಿ ಕೋಲಾರದಿಂದ ಗೃಹ ಆರೋಗ್ಯ ಶುರು ಮಾಡಿ ಮನೆಮನೆಗೆ ಬಿಪಿ ಶುಗರ್ ನೋಡೋಕೆ ಕಳಿಸ್ತಿದೀರಿ, ಒಳ್ಳೆ ಕೆಲಸ. ಆ ಮನೆ ಬಾಗಿಲಲ್ಲೇ ‘ಮೋಷನ್‌ನಲ್ಲಿ ರಕ್ತ ಹೋಗುತ್ತಾ’ ಅಂತ ಇನ್ನೊಂದು ಪ್ರಶ್ನೆ ಕೇಳಿಸಿ. ಆಶಾ ಕಾರ್ಯಕರ್ತೆ ಕೇಳಿದ್ರೆ ಹೆಂಗಸರು ಹೇಳ್ತಾರೆ ಸಾರ್, ಗ್ಯಾರಂಟಿ. ಆದ್ರೆ ಹೌದು ಅಂದವರನ್ನ ಕಳಿಸೋಕೆ ಒಂದು ಜಾಗ ಬೇಕಲ್ಲ, ಅದಕ್ಕೇ ವಾರಕ್ಕೊಂದು ದಿನ ತಾಲೂಕು ಆಸ್ಪತ್ರೇಲಿ ಇದಕ್ಕೇ ಅಂತ ಓಪಿಡಿ ಇಡಿ, ಲೇಡಿ ಡಾಕ್ಟ್ರು ಇಲ್ದಿದ್ರೆ ಕೊನೇಪಕ್ಷ ಒಬ್ಬ ನರ್ಸ್ ಪರೀಕ್ಷೆ ಮುಗಿಯೋ ತನಕ ಪಕ್ಕದಲ್ಲಿ ನಿಲ್ಲೋ ಹಂಗೆ ಡ್ಯೂಟಿ ಹಾಕಿ. ಸರ್ಜನ್‌ಗಳಿಗೆ ಬ್ಯಾಂಡ್ ಉಪಕರಣ ಕೊಡಿ. ಜಿಲ್ಲಾಸ್ಪತ್ರೇಲಿ ಕೊಲೊನೊಸ್ಕೋಪಿ ಮಷೀನ್ ಇದ್ರೆ ಸಾಲದು, ಅದನ್ನ ನಡೆಸೋ ಡಾಕ್ಟ್ರು, ತೊಳೆಯೋಕೆ ಗೊತ್ತಿರೋ ಟೆಕ್ನಿಷಿಯನ್ನೂ ಇರಬೇಕು.

ಸುತ್ತೋಲೆ ಹೊರಡಿಸಿದ್ರೆ ಡಿಎಚ್‌ಓ (ಜಿಲ್ಲಾ ಆರೋಗ್ಯಾಧಿಕಾರಿ) ಆಫೀಸ್ ಫೈಲಲ್ಲಿ ಮಲಗಬಾರದು, ಅದಕ್ಕೊಂದು ದಾರಿ ಹೇಳ್ತೀನಿ. ಓಪಿಡಿ ಚೀಟಿಲೇ ಒಂದು ಸೀಲ್ ಹಾಕಿಸಿ: ಪರೀಕ್ಷೆ ಮಾಡಿದೆ, ಮಾಡಿಲ್ಲ, ಮಾಡದಿದ್ರೆ ಯಾಕೆ. ರೋಗಿ ಬೇಡ ಅಂದ್ರೆ ಅದನ್ನೂ ಬರೀಲಿ, ಬಲವಂತ ಮಾಡೋ ಹಾಗಿಲ್ಲ. ತಿಂಗಳಿಗೊಮ್ಮೆ ಯಾರಾದ್ರೂ ಚೀಟಿ ತೆಗೆದು ನೋಡಿದ್ರೆ ಎಲ್ಲಿ ನೋಡ್ತಿದಾರೆ ಎಲ್ಲಿ ನೋಡ್ತಿಲ್ಲ ಗೊತ್ತಾಗುತ್ತೆ. ಮತ್ತೆ ಪರದೆಗೆ ಇಂಡೆಂಟ್ ಬಂದ್ರೆ ದಯವಿಟ್ಟು ಬಜೆಟ್ ಇಲ್ಲ ಅಂತ ಬರೀಬೇಡಿ, ಆರು ಮೀಟರ್ ಬಟ್ಟೆ ಸಾಕು, ಗಾಢ ಹಸಿರು ತಗೊಳ್ಳಿ, ಬಿಳಿ ತಂದ್ರೆ ಲೈಟಿಗೆ ಒಳಗಿರೋರ ನೆರಳು ಕಾಣುತ್ತೆ.

ಇತಿ,
ನಿವೃತ್ತ ಸ್ಟಾಫ್ ನರ್ಸ್ ಒಬ್ಬಳು